ನವ್ರೋಜ್ ಕಂಟ್ರಾಕ್ಟರ್: ಸಾಕ್ಷ್ಯಚಿತ್ರಗಳ ಛಾಯಾಗ್ರಾಹಕ

ಭಾರತದ ಸಾಕ್ಷ್ಯಚಿತ್ರ ಪರಂಪರೆಯ ಮುಖ್ಯ ಛಾಯಾಗ್ರಾಹಕರಲ್ಲಿ ನವ್ರೋಜ್ ಕಂಟ್ರಾಕ್ಟರ್ ಒಬ್ಬರು. ದಶಕಗಳ ಕಾಲ ಬೆಂಗಳೂರಿನಲ್ಲೇ ನೆಲೆಸಿದ್ದರೂ ಕನ್ನಡದ ಸಾಮಾನ್ಯ ಪ್ರೇಕ್ಷಕರಿಗೆ ಅವರ ಹೆಸರು ಅಷ್ಟಾಗಿ ಗೊತ್ತಿಲ್ಲ. ಸಾಕ್ಷ್ಯಚಿತ್ರಗಳು ಚಿತ್ರಮಂದಿರಕ್ಕೆ ಬರುವುದೇ ಅಪರೂಪ. ಬಂದರೂ ಜನರ ಬಾಯಲ್ಲಿ ಉಳಿಯುವುದು ನಿರ್ದೇಶಕರ ಹೆಸರು.

ಬರೋಡದಲ್ಲಿ ಲಲಿತಕಲೆ ಕಲಿತು, ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಛಾಯಾಗ್ರಹಣ ಅಭ್ಯಾಸ ಮಾಡಿದ ನವ್ರೋಜ್ ಮೊದಲಿಗೆ ಸ್ಥಿರಚಿತ್ರಗಳ ಫೋಟೋಗ್ರಾಫರ್. ನಿರ್ದೇಶಕ ಮಣಿ ಕೌಲ್ 1973ರಲ್ಲಿ ರೂಪಿಸಿದ, ನವ್ರೋಜ್ ಛಾಯಾಗ್ರಹಣದ ‘ದುವಿಧಾ’ದಲ್ಲಿ ಆ ಹಿನ್ನೆಲೆ ಎದ್ದು ಕಾಣುತ್ತದೆ. ರಾಜಸ್ಥಾನದ ಬೋರುಂದಾ ಹಳ್ಳಿಯಲ್ಲಿ ತೆಗೆದ ಆ ಚಿತ್ರದಲ್ಲಿ ಬಿಳಿ ಗೋಡೆಗಳ ಮುಂದೆ ವಧುವಿನ ಕೆಂಪು ಸೆರಗು, ಅರೆಕ್ಷಣ ಚಲನೆ ನಿಂತುಬಿಡುವ ಚೌಕಟ್ಟುಗಳು ಇಂದಿಗೂ ಚರ್ಚೆಯ ವಸ್ತು. ಈ ಚಿತ್ರಕ್ಕೆ ಮಣಿ ಕೌಲ್ ಶ್ರೇಷ್ಠ ನಿರ್ದೇಶಕ ರಾಷ್ಟ್ರಪ್ರಶಸ್ತಿ ಪಡೆದರು. ಮುಂದೆ ನವ್ರೋಜ್ ಮರಾಠಿಯ ‘22 ಜೂನ್ 1897’ ಸೇರಿದಂತೆ ಕೆಲವು ಕಥಾಚಿತ್ರಗಳಿಗೂ ದುಡಿದರು. ಆದರೆ ಅವರ ನಿಜವಾದ ಸಾಧನೆ ಇರುವುದು ಬೇರೆಡೆ.

1980ರಲ್ಲಿ ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್ ಮತ್ತು ನವ್ರೋಜ್ ಸೇರಿ ‘ಯುಗಾಂತರ್’ ಎಂಬ ಚಿತ್ರತಂಡ ಕಟ್ಟಿದರು. ದೀಪಾ ಅವರು ನವ್ರೋಜ್ ಅವರ ಬಾಳಸಂಗಾತಿಯೂ ಹೌದು. ಸಂಘಟಿತರಾಗುತ್ತಿದ್ದ ಹೆಣ್ಣುಮಕ್ಕಳ ಮಾತನ್ನು ಅವರಿಂದಲೇ ಕೇಳಿಸುವುದು ತಂಡದ ಉದ್ದೇಶ. ಪುಣೆಯ ಮನೆಗೆಲಸದವರ ಕುರಿತ ‘ಮೋಲ್ಕರೀಣ್’ ನಂತರ ತಂಡ ಬಂದದ್ದು ಬೆಳಗಾವಿ ಜಿಲ್ಲೆಯ ನಿಪ್ಪಾಣಿಗೆ. ಅಲ್ಲಿನ ತಂಬಾಕು ಕಾರ್ಖಾನೆಗಳಲ್ಲಿ ಹೆಂಗಸರು ದಿನವಿಡೀ ಕಟುವಾದ ಧೂಳಿನ ನಡುವೆ ದುಡಿಯುತ್ತಿದ್ದರು. ಸಂಘ ಕಟ್ಟಿ ಮುಷ್ಕರವನ್ನೂ ಹೂಡಿದ್ದರು. ತಂಡ ತಿಂಗಳುಗಟ್ಟಲೆ ಅವರೊಡನೆ ಕಳೆಯಿತು, ಅವರ ಮಾತು ಕೇಳಿಸಿಕೊಂಡಿತು. ಹಾಗೆ ಹುಟ್ಟಿದ ‘ತಂಬಾಕು ಚಾಕಿಲಾ ಊಬ್ ಆಲಿ’ (1982) ಹೊರಗಿನವರು ಕಂಡಿರದ ಕಾರ್ಖಾನೆಯ ಒಳಾಂಗಣವನ್ನು ತೋರಿಸಿತು. ಅಲ್ಲಿನ ಹೆಂಗಸರು ಕ್ಯಾಮೆರಾಕ್ಕೆ ಅಂಜದೆ ನೇರವಾಗಿ ಮಾತನಾಡುತ್ತಾರೆ. ಅಂಥ ಭರವಸೆಯನ್ನು ಯಾವ ಲೆನ್ಸೂ ತಂದುಕೊಡಲಾರದು, ಅದು ಮೊದಲೇ ಒಡನಾಡಿ ಗಳಿಸಿದ್ದು.

ಆ ಕಾಲದ ತಂತ್ರಜ್ಞಾನವೂ ಛಾಯಾಗ್ರಾಹಕರ ಮೇಲೆ ದೊಡ್ಡ ಹೊರೆ ಹೊರಿಸುತ್ತಿತ್ತು. 16 ಎಂ.ಎಂ. ಫಿಲ್ಮಿನ 400 ಅಡಿ ಸುರುಳಿ ಸುಮಾರು 11 ನಿಮಿಷಕ್ಕೆ ಮುಗಿಯುತ್ತದೆ. ಕಚ್ಚಾ ಫಿಲ್ಮ್ ದುಬಾರಿ. ಚಿತ್ರಿಸಿದ್ದು ಹೇಗೆ ಬಂದಿದೆ ಎಂಬುದು ಲ್ಯಾಬಿನಲ್ಲಿ ಸಂಸ್ಕರಿಸುವವರೆಗೆ ತಿಳಿಯದು. ಸಭೆಯಲ್ಲಿ ಒಬ್ಬಾಕೆ ಸಿಟ್ಟಿನಿಂದ ಎದ್ದು ನಿಂತಾಗ ‘ಇನ್ನೊಂದು ಟೇಕ್’ ಕೇಳುವಂತಿಲ್ಲ. ಯಾರು ಮಾತಿಗೆ ಬಾಯಿ ತೆರೆಯಲಿದ್ದಾರೆ, ಯಾವಾಗ ಹತ್ತಿರ ಹೋಗಬೇಕು, ಯಾವಾಗ ಯಂತ್ರ ನಿಲ್ಲಿಸಬೇಕು ಎಂಬುದನ್ನು ಕ್ಯಾಮೆರಾ ಹೊತ್ತವರು ನಿಂತ ನಿಲುವಿನಲ್ಲೇ ತೀರ್ಮಾನಿಸಬೇಕು. ಕಥಾಚಿತ್ರದಲ್ಲಿ ಬೆಳಕನ್ನು ಬೇಕಾದಂತೆ ಹೊಂದಿಸಿಕೊಳ್ಳಬಹುದು. ಇಲ್ಲಿ ಕಿಟಕಿಯಿಂದ ಬಂದಷ್ಟೇ ಬೆಳಕು.

ದೀಪಾ ಧನರಾಜ್ ನಿರ್ದೇಶನದ ‘ಕ್ಯಾ ಹುವಾ ಇಸ್ ಶಹರ್ ಕೋ?’ (1986) ನವ್ರೋಜ್ ಅವರ ಕ್ಯಾಮೆರಾಕ್ಕೆ ಇನ್ನೂ ಕಠಿಣ ಪರೀಕ್ಷೆಯಾಗಿತ್ತು. 1984ರ ಹೈದರಾಬಾದ್ ಕೋಮುಗಲಭೆಯ ದಿನಗಳಲ್ಲಿ ಮೆರವಣಿಗೆ, ನಾಯಕರ ಭಾಷಣ, ಕರ್ಫ್ಯೂ, ನೊಂದವರ ಮನೆ ಎಲ್ಲವನ್ನೂ ಅದು ದಾಖಲಿಸಿತು. ಕುಟುಂಬ ಯೋಜನೆಯನ್ನು ಪ್ರಶ್ನಿಸುವ ‘ಸಮ್‌ಥಿಂಗ್ ಲೈಕ್ ಎ ವಾರ್’ (1991) ಚಿತ್ರದಲ್ಲಿ ಸಂತಾನಹರಣ ಶಿಬಿರದ ವೈದ್ಯರೊಬ್ಬರು ತಾವು ಮಾಡಿದ ಶಸ್ತ್ರಚಿಕಿತ್ಸೆಗಳ ಸಂಖ್ಯೆಯನ್ನು ಹೆಮ್ಮೆಯಿಂದ ಹೇಳಿಕೊಳ್ಳುತ್ತಾರೆ. ಎದುರಿಗೇ ಮೇಜಿನ ಮೇಲೆ ಹೆಂಗಸರು. ಕ್ಯಾಮೆರಾ ಆಕ್ರೋಶ ತೋರುವುದಿಲ್ಲ, ಮುಖವನ್ನೂ ತಿರುಗಿಸುವುದಿಲ್ಲ. ಪ್ರೇಕ್ಷಕರನ್ನು ಕಲಕುವುದು ಈ ಸಂಯಮವೇ. ಇದೇ ಚಿತ್ರದಲ್ಲಿ ಹೆಂಗಸರು ಒಟ್ಟಿಗೆ ಕುಳಿತು ತಮ್ಮ ದೇಹದ ಬಗ್ಗೆ ಮುಕ್ತವಾಗಿ ಮಾತನಾಡುವ ಭಾಗಗಳಲ್ಲಿ ಅದೇ ಕ್ಯಾಮೆರಾ ಅವರಲ್ಲಿ ಒಬ್ಬರಂತೆ ಆಗಿಬಿಡುತ್ತದೆ.

ಜಾಝ್ ಸಂಗೀತ ಮತ್ತು ಮೋಟರ್‌ಸೈಕಲ್ ನವ್ರೋಜ್ ಅವರ ಬಿಡದ ಗೀಳುಗಳು. 2023ರ ಜೂನ್ 18ರಂದು ಬೆಂಗಳೂರಿನ ಹೊರವಲಯದಲ್ಲಿ ಬೈಕ್ ಅಪಘಾತದಲ್ಲಿ ಅವರು ತೀರಿಕೊಂಡರು. ಯುಗಾಂತರ್ ತಂಡದ ಚಿತ್ರಗಳನ್ನು ಬರ್ಲಿನ್ನಿನ ಆರ್ಸೆನಾಲ್ ಸಂಸ್ಥೆ ಡಿಜಿಟಲ್ ರೂಪದಲ್ಲಿ ಪುನಶ್ಚೇತನಗೊಳಿಸಿದೆ. ನಿಪ್ಪಾಣಿಯ ಚಿತ್ರವೂ ಅವುಗಳಲ್ಲಿ ಸೇರಿದೆ.