ವೀರಗಲ್ಲುಗಳ ಅವಸ್ಥೆ

ನಮ್ಮ ನಾಡಿನ ಯುದ್ಧಗಳ ಚರಿತ್ರೆಯನ್ನು ಬರೆಯಹೊರಟವರು ಸಾಮಾನ್ಯವಾಗಿ ಅರಸರ ಪ್ರಶಸ್ತಿಗಳನ್ನೂ ತಾಮ್ರಶಾಸನಗಳನ್ನೂ ಮುಂದಿಟ್ಟುಕೊಂಡು ಕುಳಿತುಕೊಳ್ಳುವರು. ಪ್ರಶಸ್ತಿಗಳಲ್ಲಿ ತಮ್ಮ ಅರಸನು ಸೋತನೆಂಬ ಮಾತೇ ಇರುವುದಿಲ್ಲ. ಕಾಲಾಳುಗಳಿಗಂತೂ ಅಲ್ಲಿ ಹೆಸರೇ ಇಲ್ಲ. ಆದರೆ ಊರ ಬಾಗಿಲಿನಲ್ಲಿಯೂ ಕೆರೆಯ ಏರಿಯ ಮೇಲೆಯೂ ಹೊಲದ ಬದುವಿನಲ್ಲಿಯೂ ಗಾಳಿಮಳೆಗೆ ಮೈಯೊಡ್ಡಿ ನಿಂತಿರುವ ವೀರಗಲ್ಲುಗಳು ಬೇರೊಂದು ಬಗೆಯ ಸಾಕ್ಷಿಗಳು. ಇವು ಗೆದ್ದವನ ಕಡೆಯವಲ್ಲ, ಮಡಿದವನ ಕಡೆಯವು. ಯಾರು ಸತ್ತರು, ಯಾವ ಊರಿಗಾಗಿ ಸತ್ತರು, ಉಳಿದವರಿಗೆ ಏನು ದೊರೆಯಿತು ಎಂಬುದನ್ನು ನಾಲ್ಕಾರು ಪಂಕ್ತಿಗಳಲ್ಲಿ ಹೇಳಿ ಮುಗಿಸುವವು.

ಕನ್ನಡನಾಡಿನಲ್ಲಿ ಇಂತಹ ಕಲ್ಲುಗಳು ಸಾವಿರಗಟ್ಟಲೆ ಇವೆ. ತುರುಗಳನ್ನು ಅಟ್ಟಿಕೊಂಡು ಹೋದ ಕಳ್ಳರ ಬೆನ್ನುಹತ್ತಿ ಮರಳಿ ಬಾರದೆ ಹೋದ ಗೋವಳರು, ಎಲ್ಲೆಯ ಜಗಳದಲ್ಲಿ ಬಿದ್ದ ಗೌಡರು, ಹುಲಿಯೊಡನೆ ಸೆಣಸಿದವರು, ಒಡೆಯನ ಕರೆಗೆ ಓಗೊಟ್ಟು ದೂರದ ಕಳದಲ್ಲಿ ಅಳಿದ ಭಟರು, ಇವರೆಲ್ಲರಿಗೂ ಕಲ್ಲುಂಟು. ಸಾಮಾನ್ಯವಾಗಿ ಕೆಳಗಿನ ಅಂಕಣದಲ್ಲಿ ಕಾಳಗ, ನಡುವೆ ವೀರನನ್ನು ಕರೆದೊಯ್ಯುವ ಅಪ್ಸರೆಯರು, ಮೇಲೆ ದೇವರ ಸನ್ನಿಧಿ. ದೇವಲೋಕದ ಚಿತ್ರವು ಎಲ್ಲೆಡೆಯೂ ಬಹುಮಟ್ಟಿಗೆ ಒಂದೇ ಆಗಿದ್ದರೂ ಕೆಳಗಿನ ಕಾಳಗವು ಹಾಗಲ್ಲ. ಬಿಲ್ಲು ಎಷ್ಟುದ್ದ, ಕತ್ತಿಯ ಬಾಗು ಎಂತಹುದು, ಗುರಾಣಿ ದುಂಡೋ ನೀಳವೋ, ಕಾಲಾಳಿನ ಮೈಗೆ ಕವಚವಿತ್ತೋ ಇಲ್ಲವೋ ಎಂಬುದನ್ನೆಲ್ಲ ಅಲ್ಲಿ ನೋಡಬಹುದು. ರೂವಾರಿಯು ವೀರನನ್ನು ಹಗೆಗಳಿಗಿಂತ ದೊಡ್ಡದಾಗಿ ಕೆತ್ತುವುದು ರೂಢಿಯಾದುದರಿಂದ ಎಲ್ಲವನ್ನೂ ಕಂಡದ್ದು ಕಂಡಂತೆ ಎಂದು ನಂಬಲಾಗದು. ಆದರೂ ಆಯುಧಗಳ ವಿಷಯದಲ್ಲಿ ಅವನಿಗೆ ಸುಳ್ಳು ಹೇಳುವ ಕಾರಣವಿರಲಿಲ್ಲ.

ಒಂದು ಕಲ್ಲಿನ ಬೆಲೆ ಎಷ್ಟೆಂಬುದನ್ನು ತಿಳಿಯಬೇಕಾದರೆ ಆತಕೂರಿನ ಶಾಸನವನ್ನು ನೋಡಬೇಕು. ಮದ್ದೂರು ತಾಲ್ಲೂಕಿನ ಆ ಗ್ರಾಮದಿಂದ ಬೆಂಗಳೂರಿನ ವಸ್ತುಸಂಗ್ರಹಾಲಯಕ್ಕೆ ಸಾಗಿಸಲ್ಪಟ್ಟ ಈ ಕಲ್ಲಿನ ಕಾಲವು ಶಕವರ್ಷ 872, ಎಂದರೆ ಕ್ರಿ. ಶ. 949-50. ಇದರ ಮೇಲೆ ಕೆತ್ತಿರುವುದು ಯಾವ ದಂಡನಾಯಕನನ್ನೂ ಅಲ್ಲ. ಒಂದು ನಾಯಿಯನ್ನೂ ಒಂದು ಹಂದಿಯನ್ನೂ! ಗಂಗರ ಬೂತುಗನ ಸೇವಕನಾದ ಮಣಲೆರನು ಯುದ್ಧದಲ್ಲಿ ತೋರಿದ ಶೌರ್ಯಕ್ಕೆ ಒಡೆಯನು ಮೆಚ್ಚಿ 'ಬೇಡು' ಎನ್ನಲು, ಅವನು ಹೊನ್ನನ್ನು ಬೇಡದೆ ಕಾಳಿಯೆಂಬ ಬೇಟೆನಾಯಿಯನ್ನು ಬೇಡಿದನು. ಆ ನಾಯಿಯು ಬೆಳತೂರಿನ ಬೆಟ್ಟದ ಬಳಿ ದೊಡ್ಡ ಹಂದಿಯೊಂದರೊಡನೆ ಹೋರಾಡಿತು, ಎರಡೂ ಸತ್ತವು. ಆತಕೂರಿನ ಚಲ್ಲೇಶ್ವರನ ಮುಂದೆ ಕಲ್ಲನ್ನು ನಿಲ್ಲಿಸಿ, ಭೂಮಿಯನ್ನು ಬಿಟ್ಟು, ಈ ಕಲ್ಲನ್ನು ಪೂಜಿಸದೆ ಉಣ್ಣುವ ಗೊರವನಿಗೆ ನಾಯಿಯ ಪಾಪವು ತಟ್ಟಲಿ ಎಂದು ಬರೆಯಿಸಿದರು.

ಆ ನಾಯಿಯ ಕಲ್ಲಿನಲ್ಲಿಯೇ ದಕ್ಷಿಣದ ಮಹಾಯುದ್ಧವೊಂದರ ವರ್ತಮಾನವೂ ಅಡಕವಾಗಿದೆ. ರಾಷ್ಟ್ರಕೂಟ ಮೂರನೆಯ ಕೃಷ್ಣನಿಗೂ ಚೋಳರಿಗೂ ತಕ್ಕೋಲದಲ್ಲಿ ನಡೆದ ಕಾಳಗದಲ್ಲಿ ಚೋಳ ರಾಜಾದಿತ್ಯನನ್ನು ಬೂತುಗನು ಕೊಂದನೆಂದೂ, ಅದಕ್ಕಾಗಿ ಕೃಷ್ಣನು ಅವನಿಗೆ ಬನವಾಸಿ ಪನ್ನಿರ್ಚ್ಛಾಸಿರ, ಬೆಳ್ವೊಲ ಮುನ್ನೂರು, ಪುರಿಗೆರೆ ಮುನ್ನೂರು, ಕಿಸುಕಾಡು ಎಪ್ಪತ್ತು, ಬಾಗೆನಾಡು ಎಪ್ಪತ್ತು ಎಂಬ ನಾಡುಗಳನ್ನು ಕೊಟ್ಟನೆಂದೂ ಇದು ಹೇಳುವುದು. ಕೊಂದ ಬಗೆಯನ್ನು ಹೇಳುವಲ್ಲಿ ಒಂದು ಶಬ್ದವಿದೆ. ಮೊದಲು ಓದಿದ ವಿದ್ವಾಂಸರು ಅದರಲ್ಲಿ ಕಳ್ಳತನವನ್ನು ಕಂಡು, ಬೂತುಗನು ವಂಚನೆಯಿಂದ ಇರಿದನೆಂದು ಬರೆದರು. ಅನಂತರದ ಪರಿಶೋಧನೆಯಲ್ಲಿ ಅದು ಕಳ್ಳನಲ್ಲ, 'ಕಳ' ಎಂದರೆ ರಣರಂಗ. ಆನೆಯ ಮೇಲಣ ಅಂಬಾರಿಯನ್ನೇ ಕಳವಾಗಿ ಮಾಡಿಕೊಂಡು ಸುರಿಗೆಯಿಂದ ಇರಿದನೆಂಬ ಅರ್ಥವು ಹೊರಟಿತು. ಚೋಳರ ಲೈಡನ್ ತಾಮ್ರಪಟಗಳಾದರೋ ರಾಜಾದಿತ್ಯನು ಆನೆಯ ಮೇಲಿರುವಾಗ ಕೃಷ್ಣನ ಬಾಣಗಳಿಂದ ಮಡಿದನೆಂದು ಹೇಳುವವು. ಕೊಂದ ಕೈ ಯಾರದೆಂಬಲ್ಲಿ ಭೇದವುಂಟು. ಸತ್ತದ್ದು ಆನೆಯ ಮೇಲೆ ಎಂಬಲ್ಲಿ ಹಗೆಗಳಿಬ್ಬರ ಸಾಕ್ಷ್ಯವೂ ಒಂದಾಗುವುದು. ಒಬ್ಬ ವೀರನ ಸಾವಿರ ವರ್ಷದ ಮಾನವು ಕಲ್ಲಿನ ಮೇಲಿನ ಒಂದೆರಡು ಅಕ್ಷರಗಳ ಮೇಲೆ ನಿಂತಿತ್ತು. ಆ ಅಕ್ಷರಗಳು ಸವೆದುಹೋಗಿದ್ದರೆ ತೀರ್ಪನ್ನು ತಿದ್ದಲು ಯಾರಿಂದಲೂ ಆಗುತ್ತಿರಲಿಲ್ಲ.

ಬೇಗೂರಿನ ಕಲ್ಲೂ ಅದೇ ಸಂಗ್ರಹಾಲಯದಲ್ಲಿದೆ. ಗಂಗ ಎರೆಯಪ್ಪನು ವೀರಮಹೇಂದ್ರನ ವಿರುದ್ಧ ಅಯ್ಯಪದೇವನಿಗೆ ನೆರವಾಗಲು ಕಳುಹಿದ ನಾಗತ್ತರನು ತುಂಬೆಪಾಡಿಯಲ್ಲಿ ಸತ್ತನು. ಅವನ ಪಟ್ಟವನ್ನು ಇರುಗನಿಗೆ ಕಟ್ಟಿ ಬೆಂಪೂರು ಹನ್ನೆರಡನ್ನು ಕೊಡಲಾಯಿತು. ಕುದುರೆ, ಕಾಲಾಳು, ಬಿಲ್ಲುಕತ್ತಿಗಳ ಸಂದಣಿಯನ್ನು ಅಷ್ಟು ಇಕ್ಕಟ್ಟಾಗಿ ಕೆತ್ತಿದ ಕಲ್ಲು ವಿರಳ. ಬೇಗೂರಿನಲ್ಲಿಯೇ ಇರುವ, ಸುಮಾರು ಕ್ರಿ. ಶ. 890ರ ಇನ್ನೊಂದು ಕಲ್ಲಿನಲ್ಲಿ 'ಬೆಂಗಳೂರ ಕಾಳಗ'ದ ಮಾತು ಬಂದಿರುವುದನ್ನು ರಾಜಧಾನಿಯ ನಿವಾಸಿಗಳು ಈಗ ಬಲ್ಲರು.

ಸಂಗ್ರಹಾಲಯದ ಸೂರಿನ ಕೆಳಗೆ ಸೇರಿದವುಗಳ ಪುಣ್ಯವು ದೊಡ್ಡದು. ಉಳಿದವುಗಳ ಗತಿಯೇನು? ಕೆಲವು ವರ್ಷಗಳ ಹಿಂದೆ ಒಂದು ಗ್ರಾಮದಲ್ಲಿ ನಾವು ಬಟ್ಟೆಯೊಗೆಯುವ ಚಪ್ಪಡಿಯೊಂದನ್ನು ಮಗುಚಿ ನೋಡಿದಾಗ ಕೆಳಮುಖವಾಗಿ ಒಬ್ಬ ಬಿಲ್ಲಾಳು ಮಲಗಿದ್ದನು. ಅವನ ಮುಖ ಉಳಿದಿತ್ತು. ಹೆಸರನ್ನು ಬರೆದಿದ್ದ ಅಂಚನ್ನು ಮಟ್ಟಮಾಡುವುದಕ್ಕಾಗಿ ಒಡೆದು ತೆಗೆದಿದ್ದರು. ನೀರು ಸೇದುತ್ತಿದ್ದ ಮುದುಕಿಯೊಬ್ಬಳು, "ಅವನು ನಮ್ಮ ಹಿರಿಯರ ಕಾಲದವನಂತೆ" ಎಂದು ಹೇಳಿ ಕೈಮುಗಿದಳು. ಊರಿಗೆ ಗೌರವವಿಲ್ಲವೆಂದು ನಾವು ಹೇಳಲಾರೆವು. ಎಣ್ಣೆ ಅರಿಶಿನಗಳನ್ನು ಹಚ್ಚಿ ಅಕ್ಷರಗಳನ್ನು ಮುಚ್ಚುವವರೂ ಹೊಳೆಯುವ ಬಣ್ಣವನ್ನು ಬಳಿಯುವವರೂ ಭಕ್ತಿಯಿಂದಲೇ ಹಾಗೆ ಮಾಡುವರು. ನಿಧಿಯ ಆಸೆಯಿಂದ ಕಲ್ಲಿನ ಬುಡವನ್ನು ಅಗೆಯುವ ದುರುಳರ ಮಾತು ಬೇರೆ. ರಸ್ತೆಯನ್ನು ಅಗಲಮಾಡುವಾಗ ಯಂತ್ರದಿಂದ ನೂಕಿ ಮೋರಿಗೆ ಹಾಸುವವರ ಮಾತೂ ಬೇರೆ.

ಕಾನೂನುಗಳಿಗೆ ಕೊರತೆಯಿಲ್ಲ. ಕೇಂದ್ರದ 1958ರ ಶಾಸನವೂ ನಮ್ಮ ರಾಜ್ಯದ 1961ರ ಶಾಸನವೂ ಸ್ಮಾರಕವೆಂದು ಘೋಷಿಸಲ್ಪಟ್ಟವನ್ನು ಕಾಯುವವು. ನೂರು ವರ್ಷಕ್ಕೆ ಮೇಲ್ಪಟ್ಟ ಶಿಲ್ಪಶಾಸನಗಳ ಮಾರಾಟವನ್ನೂ ಹೊರದೇಶಕ್ಕೆ ಸಾಗಿಸುವುದನ್ನೂ 1972ರ ಪುರಾವಸ್ತುಗಳ ಶಾಸನವು ಬಿಗಿಮಾಡಿದೆ. ಆದರೆ ಬದುವಿನ ಕಲ್ಲನ್ನು ಮಾರುವವನಾರು? ಅದು ಸಾಗಿಹೋಗುವುದಿಲ್ಲ, ಇದ್ದಲ್ಲಿಯೇ ಸಾಯುವುದು. ಘೋಷಿತವಲ್ಲದ ಕಾರಣ ಅದರ ಸಾವು ಯಾವ ಕಡತಕ್ಕೂ ಬರುವುದಿಲ್ಲ. ಬಿ. ಎಲ್. ರೈಸ್ ಮಹಾಶಯರು ಮೈಸೂರು ಸಂಸ್ಥಾನವನ್ನು ಸುತ್ತಿ 'ಎಪಿಗ್ರಾಫಿಯಾ ಕರ್ನಾಟಿಕಾ' ಎಂಬ ಹನ್ನೆರಡು ಸಂಪುಟಗಳಲ್ಲಿ ಸುಮಾರು ಒಂಬತ್ತು ಸಾವಿರ ಶಾಸನಗಳನ್ನು ಅಚ್ಚುಹಾಕಿಸಿದರು. ಆ ಸಂಪುಟಗಳಲ್ಲಿ ಸ್ಥಳವನ್ನು ಗುರುತಿಸಿರುವ ಎಷ್ಟೋ ಕಲ್ಲುಗಳು ಇಂದು ಆ ಸ್ಥಳದಲ್ಲಿಲ್ಲ. ಬರಹವಿಲ್ಲದ ಬರಿಯ ಚಿತ್ರದ ಕಲ್ಲುಗಳನ್ನು ಎಣಿಸಿದವರೇ ಕಡಿಮೆ.

ಆಶೆಗೆ ಎಡೆಯಿಲ್ಲವೆಂದಲ್ಲ. 2018ರಲ್ಲಿ ಹೆಬ್ಬಾಳದಲ್ಲಿ ಚರಂಡಿಯ ಕೆಲಸ ನಡೆಯುತ್ತಿದ್ದಾಗ ದೊರೆತ ಕಲ್ಲು ಗಂಗ ಶ್ರೀಪುರುಷನ ಕಾಲದ್ದು, ಸುಮಾರು ಕ್ರಿ. ಶ. 750ರದ್ದು. ರಟ್ಟವಾಡಿಯವರ ದಾಳಿಯಲ್ಲಿ ಮಡಿದ ಕಿತ್ತಯನ ಸ್ಮಾರಕವದು. ಬಡಾವಣೆಯ ಜನರೂ ಶಾಸನಾಸಕ್ತರೂ ಎಚ್ಚೆತ್ತು ಅದನ್ನು ಉಳಿಸಿಕೊಂಡು ಮಂಟಪದಲ್ಲಿ ನಿಲ್ಲಿಸಿದರು. 1909ರಲ್ಲಿ ಸ್ಥಾಪಿತವಾದ ಮಿಥಿಕ್ ಸೊಸೈಟಿಯವರು 2021ರಿಂದ ಬೆಂಗಳೂರು ಸೀಮೆಯ ಶಾಸನಗಳನ್ನು ಬೆಳಕಿನ ಯಂತ್ರದಿಂದ ಮೂರು ಆಯಾಮಗಳಲ್ಲಿ ಪ್ರತಿಮಾಡುತ್ತಿರುವರು. ಕಣ್ಣಿಗೆ ಸವೆದಂತೆ ಕಾಣುವ ಅಕ್ಷರಗಳೂ ಆ ಪ್ರತಿಯಲ್ಲಿ ಮೇಲೇಳುತ್ತವೆ.

ಆದರೆ ಬೆಂಗಳೂರಿನ ಹೊರಗೆ ಇದನ್ನು ಮಾಡತಕ್ಕವರಾರು? ನಮ್ಮ ಸೂಚನೆಯು ಸಣ್ಣದು. ಗ್ರಾಮದ ಆಡಳಿತಾಧಿಕಾರಿಯು ಬೆಳೆಯನ್ನೂ ಬಾವಿಯನ್ನೂ ಮರವನ್ನೂ ಬರೆದುಕೊಳ್ಳುತ್ತಾನೆ. ಆ ಪತ್ರಿಕೆಯಲ್ಲಿಯೇ ಕಲ್ಲಿಗಾಗಿ ಒಂದು ಕಲಮನ್ನು ಸೇರಿಸಿ, ಸರ್ವೆ ನಂಬರಿನೊಡನೆ ಒಂದು ಛಾಯಾಚಿತ್ರವನ್ನು ಇಡಲಿ. ಲೋಕೋಪಯೋಗಿ ಇಲಾಖೆಯವರು ರಸ್ತೆಯ ಅಂದಾಜುಪಟ್ಟಿಯನ್ನು ಮಂಜೂರು ಮಾಡುವ ಮುಂಚೆ ಆ ಕಲಮನ್ನು ನೋಡಲಿ. ಕಲ್ಲನ್ನು ಕದಲಿಸಲೇಬೇಕಾದಲ್ಲಿ, ಅದು ಯಾವ ದಿಕ್ಕಿಗೆ ಮುಖಮಾಡಿ ಎಲ್ಲಿ ನಿಂತಿತ್ತೆಂಬುದನ್ನು ಮೊದಲು ಬರೆದಿಟ್ಟು ಆಮೇಲೆ ಕೈಹಚ್ಚಲಿ. ಕಾಳಗ ನಡೆದ ಜಾಗವನ್ನು ಹುಡುಕುವವನಿಗೆ, ಅಕ್ಷರಗಳೆಲ್ಲ ಅಳಿದ ಕಲ್ಲಿನಲ್ಲಿಯೂ ಉಳಿಯುವ ಸುಳಿವು ಅದೊಂದೇ.