ನಿವೃತ್ತಿಯ ನಂತರ ಅಮಾನತು ಆದೇಶ: ಉದ್ದಿಮೆದಾರರು ಅರಿಯಬೇಕಾದ ಕಾನೂನು

ನಿವೃತ್ತಿಗೆ ಕೆಲವೇ ತಿಂಗಳುಗಳಿರುವಾಗ ನೌಕರನೊಬ್ಬನ ಮೇಲೆ ಹಣ ದುರುಪಯೋಗದ ಆರೋಪ ಬರುತ್ತದೆ. ಆಡಳಿತ ಮಂಡಳಿಯು ಆತನನ್ನು ಅಮಾನತಿನಲ್ಲಿಡುತ್ತದೆ. ವಿಚಾರಣೆ ಮುಗಿಯುವ ಮುನ್ನವೇ ನಿವೃತ್ತಿಯ ದಿನ ಬಂದುಬಿಡುತ್ತದೆ. ಆಗ ಅಮಾನತು ಆದೇಶದ ಗತಿಯೇನು? ತಡೆಹಿಡಿದ ಗ್ರಾಚ್ಯುಟಿ ಯಾರ ಹಣ? ಅನೇಕ ಸಂಸ್ಥೆಗಳು ಈ ಪ್ರಶ್ನೆಗಳಿಗೆ ಉತ್ತರ ಹುಡುಕುವುದು ನ್ಯಾಯಾಲಯದ ನೋಟೀಸು ಕೈಸೇರಿದ ನಂತರವೇ.

ಅಮಾನತು ಶಿಕ್ಷೆಯಲ್ಲ, ಸೇವಾ ಸಂಬಂಧ ಇರುವವರೆಗೆ ಮಾತ್ರ ನಡೆಯುವ ತಾತ್ಕಾಲಿಕ ಕ್ರಮ. ನಿವೃತ್ತಿಯೊಡನೆ ಆ ಸಂಬಂಧ ಮುಗಿಯುವುದರಿಂದ, ವಿಚಾರಣೆಯನ್ನು ಮುಂದುವರಿಸಲು ಸೇವಾ ನಿಯಮಾವಳಿಯಲ್ಲಿ ಸ್ಪಷ್ಟ ಅಧಿಕಾರವಿರಬೇಕು. ಒರಿಸ್ಸಾ ರಾಜ್ಯ ಹಣಕಾಸು ನಿಗಮದ ಪ್ರಕರಣದಲ್ಲಿ (1999) ಅಂತಹ ನಿಯಮವಿರಲಿಲ್ಲ. ವಿಚಾರಣೆಯು ನಿವೃತ್ತಿಯೊಡನೆ ತಾನಾಗಿಯೇ ಕೊನೆಗೊಂಡಿತೆಂದು ಸರ್ವೋಚ್ಚ ನ್ಯಾಯಾಲಯವು ತೀರ್ಪಿತ್ತಿತು. ನಿವೃತ್ತಿ ಸೌಲಭ್ಯಗಳನ್ನು ಪೂರ್ಣವಾಗಿ ಕೊಡಬೇಕೆಂದೂ, ಜೀವನಾಧಾರ ಭತ್ಯೆಯನ್ನು ಕಳೆದು ಅಮಾನತಿನ ಅವಧಿಯ ಉಳಿದ ವೇತನವನ್ನು ಪಾವತಿಸಬೇಕೆಂದೂ ಹೇಳಿತು.

ಒಂದು ಉದಾಹರಣೆ ನೋಡೋಣ. ಮಾಸಿಕ ವೇತನ ರೂ. 50,000, ಅಮಾನತು 12 ತಿಂಗಳು. ಮೊದಲ ಮೂರು ತಿಂಗಳು ಶೇ. 50, ಮುಂದಿನ ಒಂಬತ್ತು ತಿಂಗಳು ಶೇ. 75ರಂತೆ ಕೊಟ್ಟ ಭತ್ಯೆ ರೂ. 4,12,500. ವಿಚಾರಣೆ ಬಿದ್ದುಹೋದರೆ ಇನ್ನೂ ರೂ. 1,87,500 ತೆರಬೇಕು. ಕೆಲಸವಿಲ್ಲದೆ ಪೂರ್ಣ ವೇತನ ಕೊಟ್ಟಂತಾಯಿತು. ಆರೋಪ ನಿಜವೋ ಸುಳ್ಳೋ ಎಂಬುದೂ ತೀರ್ಮಾನವಾಗಲಿಲ್ಲ.

ನಿಯಮವಿದ್ದಲ್ಲಿ ಚಿತ್ರ ಬೇರೆಯೇ. ಮಹಾನದಿ ಕೋಲ್‌ಫೀಲ್ಡ್ಸ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯದ ಮೂವರು ನ್ಯಾಯಮೂರ್ತಿಗಳ ಪೀಠವು 2020ರ ಮೇ 27ರಂದು ಬಹುಮತದ ತೀರ್ಪಿತ್ತು, ಈ ವಿಷಯದಲ್ಲಿ 2006ರ ತನ್ನದೇ ತೀರ್ಪನ್ನು ತಳ್ಳಿಹಾಕಿತು. ಸೇವೆಯಲ್ಲಿದ್ದಾಗಲೇ ವಿಚಾರಣೆ ಆರಂಭವಾಗಿದ್ದು, ನಿಯಮಾವಳಿಯು ಅದರ ಮುಂದುವರಿಕೆಗೆ ಅವಕಾಶ ನೀಡಿದ್ದರೆ, ನಿವೃತ್ತಿಯ ನಂತರವೂ ವಜಾ ಶಿಕ್ಷೆ ವಿಧಿಸಬಹುದು. ವಿಚಾರಣೆ ಮುಗಿಯುವವರೆಗೆ ಗ್ರಾಚ್ಯುಟಿಯನ್ನು ತಡೆಹಿಡಿಯಬಹುದು ಎಂಬುದು ಅದರ ಸಾರ.

ಇದು ಮಾಲೀಕರಿಗೆ ದೊರೆತ ಮುಕ್ತ ಪರವಾನಗಿಯಲ್ಲ. ಪಿಂಚಣಿ, ಗ್ರಾಚ್ಯುಟಿಗಳು ನೌಕರನ ಸ್ವತ್ತು. ಕಾನೂನಿನ ಆಧಾರವಿಲ್ಲದೆ ಬರಿಯ ಆಡಳಿತಾತ್ಮಕ ಸೂಚನೆಯಿಂದ ಅವನ್ನು ತಡೆಹಿಡಿಯಲಾಗದೆಂದು ಜಾರ್ಖಂಡ್ ಸರ್ಕಾರದ ಪ್ರಕರಣದಲ್ಲಿ (2013) ಸರ್ವೋಚ್ಚ ನ್ಯಾಯಾಲಯವೇ ಹೇಳಿದೆ. ಮೂವತ್ತು ವರ್ಷ ದುಡಿದವನಿಗೆ ಆ ಮೊತ್ತವೇ ಮುಪ್ಪಿನ ಊರುಗೋಲು ಎಂಬುದನ್ನು ಮರೆಯಬಾರದು.

ಜೀವನಾಧಾರ ಭತ್ಯೆಯ ವಿಷಯದಲ್ಲಿ ನಮ್ಮ ಕೋಲಾರದ ಭಾರತ್ ಗೋಲ್ಡ್ ಮೈನ್ಸ್ ಪ್ರಕರಣ (1999) ಒಳ್ಳೆಯ ಪಾಠ. ಭತ್ಯೆ ದೊರೆಯದೆ, ಹಣವಿಲ್ಲದೆ ನೌಕರನು ವಿಚಾರಣೆಗೆ ಹಾಜರಾಗಲಿಲ್ಲ. ಅವನ ಗೈರುಹಾಜರಿಯಲ್ಲಿ ನಡೆದ ವಿಚಾರಣೆ ಊರ್ಜಿತವಾಗಲಿಲ್ಲ.

2025ರ ನವೆಂಬರ್ 21ರಿಂದ ನಾಲ್ಕು ಕಾರ್ಮಿಕ ಸಂಹಿತೆಗಳು ಜಾರಿಗೆ ಬಂದಿವೆ. 1972ರ ಗ್ರಾಚ್ಯುಟಿ ಪಾವತಿ ಅಧಿನಿಯಮದ ಸ್ಥಾನವನ್ನು ಸಾಮಾಜಿಕ ಭದ್ರತಾ ಸಂಹಿತೆಯು ಪಡೆದಿದೆ. ಸ್ಥಾಯಿ ಆದೇಶಗಳು ಅನ್ವಯಿಸುವ ಸಂಸ್ಥೆಗಳಲ್ಲಿ, ಅಮಾನತಾದ ಕಾರ್ಮಿಕನ ವಿಚಾರಣೆಯನ್ನು ಸಾಮಾನ್ಯವಾಗಿ 90 ದಿನಗಳಲ್ಲಿ ಮುಗಿಸಬೇಕೆಂದು ಕೈಗಾರಿಕಾ ಸಂಬಂಧಗಳ ಸಂಹಿತೆಯು ವಿಧಿಸುತ್ತದೆ.

ಆದುದರಿಂದ ಉದ್ದಿಮೆದಾರರು ಈ ಕೆಳಗಿನ ಅಂಶಗಳನ್ನು ಗಮನಿಸುವುದು ಲೇಸು:

1. ನಿವೃತ್ತಿಯ ನಂತರವೂ ವಿಚಾರಣೆ ಮುಂದುವರಿಸುವ ಅಧಿಕಾರ ನಿಯಮಾವಳಿಯಲ್ಲಿದೆಯೇ ಎಂದು ಇಂದೇ ಪರಿಶೀಲಿಸಬೇಕು.

2. ದೋಷಾರೋಪಣ ಪಟ್ಟಿಯನ್ನು ನಿವೃತ್ತಿಗೆ ಮುನ್ನವೇ ಜಾರಿಮಾಡಬೇಕು.

3. ಜೀವನಾಧಾರ ಭತ್ಯೆಯನ್ನು ತಿಂಗಳು ತಪ್ಪದೆ ಪಾವತಿಸಿ, ರಸೀದಿ ಇಟ್ಟುಕೊಳ್ಳಬೇಕು.

4. ತಡೆಹಿಡಿದ ಗ್ರಾಚ್ಯುಟಿಯನ್ನು ಲೆಕ್ಕಪತ್ರಗಳಿಂದ ಕೈಬಿಡದೆ, ಹೊಣೆಯಾಗಿಯೇ ತೋರಿಸಬೇಕು.

ಕಾಲಮಿತಿಯಲ್ಲಿ ಮುಗಿದ ವಿಚಾರಣೆ ಇಬ್ಬರಿಗೂ ಹಿತ. ತಪ್ಪಿತಸ್ಥನು ನಿವೃತ್ತಿಯ ಮರೆಯಲ್ಲಿ ಪಾರಾಗುವುದಿಲ್ಲ. ನಿರಪರಾಧಿಯು ಕಳಂಕ ಹೊತ್ತು ಮನೆಗೆ ಮರಳುವುದಿಲ್ಲ.