ಗುಡ್ಡದ ಬುಡದಲ್ಲೊಂದು ಗದ್ದಲದ ಕೋಣೆ



ಕಾಕಿ ಬುಕಿತ್ ಎಂದ ಕೂಡಲೇ ನಮ್ಮವರಿಗೆ ಪೊಲೀಸರ ಖಾಕಿ ನೆನಪಾದರೆ ತಪ್ಪೇನಿಲ್ಲ. ಮಲಯ್ ಭಾಷೆಯಲ್ಲಿ ಕಾಕಿ ಎಂದರೆ ಕಾಲು, ಬುಕಿತ್ ಎಂದರೆ ಗುಡ್ಡ. ನಮ್ಮ ಕಡೆಯ ಊರಾಗಿದ್ದರೆ 'ಗುಡ್ಡದಬುಡ' ಎಂದು ಹೆಸರಿರುತ್ತಿತ್ತು. ಈಗ ಅಲ್ಲಿ ಗುಡ್ಡಕ್ಕಿಂತ ಹೆಚ್ಚಾಗಿ ಕಾಣುವುದು ಕೈಗಾರಿಕಾ ಕಟ್ಟಡಗಳು, ಕಾರು ರಿಪೇರಿ ಅಂಗಡಿಗಳು, ಗೋದಾಮುಗಳು. 2017ರ ಅಕ್ಟೋಬರಿನಲ್ಲಿ ಡೌನ್‌ಟೌನ್ ಲೈನಿನ ಎಂಆರ್‌ಟಿ ನಿಲ್ದಾಣ ಬಂದ ಮೇಲೆ ಹೋಗಿಬರುವುದು ಸುಲಭವಾಗಿದೆ. ಆದರೂ ಕೆಲಸವಿಲ್ಲದೆ ಅಲ್ಲಿಗೆ ಹೋಗುವವರು ಕಡಿಮೆ.

ಹೋದ ತಿಂಗಳು ಒಂದು ಶನಿವಾರ ರಾತ್ರಿ ನಾವು ಮೂವರು ಹೋಗಬೇಕಾಯಿತು. ನಮ್ಮ ಬಳಗದವರೊಬ್ಬರ ಮಗ, ಹದಿನೇಳರ ಹುಡುಗ, ಅಲ್ಲಿಯ ಒಂದು ಕಟ್ಟಡದಲ್ಲಿ ಗಂಟೆಯ ಲೆಕ್ಕದಲ್ಲಿ ಬಾಡಿಗೆಗೆ ಸಿಗುವ ಕೋಣೆಯಲ್ಲಿ ಗೆಳೆಯರೊಂದಿಗೆ ವಾದ್ಯ ಬಾರಿಸುತ್ತಾನೆ. ಅವನನ್ನು ಮನೆಗೆ ಕರೆತರುವುದು ನಮ್ಮ ಕೆಲಸ. ಸಾಮಾನಿನ ಲಿಫ್ಟಿನಲ್ಲಿ ಮೇಲೆ ಹೋಗಿ ಬಾಗಿಲು ತೆರೆದರೆ ಎದೆಗೆ ಗುದ್ದಿದಂಥ ಸದ್ದು! ನಾಲ್ವರು ಬಾರಿಸುತ್ತಿದ್ದರು, ಹನ್ನೆರಡು ಮಂದಿ ನೆಲದ ಮೇಲೆ ಕೂತು ಕೇಳುತ್ತಿದ್ದರು. ಹಾಡು ಎರಡು ನಿಮಿಷದಲ್ಲಿ ಮುಗಿಯಿತು. ಆಮೇಲೆ ಕೂತವರಲ್ಲಿ ಮೂವರು ಎದ್ದು ವಾದ್ಯ ಕೈಗೆತ್ತಿಕೊಂಡರು, ಬಾರಿಸುತ್ತಿದ್ದವರು ನೆಲದ ಮೇಲೆ ಕೂತರು.

ದಾರಿಯಲ್ಲಿ ನಾವು ಕೇಳಿದೆವು, "ಏನಪ್ಪಾ ಇದು?" "ಪಂಕ್, ಅಂಕಲ್" ಎಂದ. ಸ್ವಲ್ಪ ಹೊತ್ತು ಬಿಟ್ಟು ಅವನೇ ಕೇಳಿದ: "ನಿಮ್ಮ ಸಾಹಿತ್ಯ ಮೀಟಿಂಗಿನಲ್ಲಿ ಯಾವಾಗಲೂ ಅದೇ ಮೂರು ಜನ ಮಾತಾಡ್ತಾರಲ್ಲ, ಉಳಿದವರು ಯಾಕೆ ಬರ್ತಾರೆ?"

ನಮ್ಮಲ್ಲಿ ಯಾರಿಗೂ ಉತ್ತರ ಹೊಳೆಯಲಿಲ್ಲ. ಈ ಲೇಖನ ಆ ಪ್ರಶ್ನೆಯಿಂದ ಹುಟ್ಟಿದ್ದು.

ಮೊದಲು ಪಂಕ್ ಎಂದರೇನು ಎಂದು ನೋಡೋಣ. 1970ರ ದಶಕದ ಹೊತ್ತಿಗೆ ರಾಕ್ ಸಂಗೀತ ದೊಡ್ಡ ಕ್ರೀಡಾಂಗಣಗಳಿಗೆ ಏರಿತ್ತು. ಇಪ್ಪತ್ತು ನಿಮಿಷದ ಹಾಡುಗಳು, ಲಾರಿಗಟ್ಟಲೆ ಉಪಕರಣಗಳು. ಕೇಳುಗ ದೂರದಲ್ಲಿ ಇರುವೆಯಂತೆ ನಿಂತು ನೋಡಬೇಕು. ಇದಕ್ಕೆ ಬೇಸತ್ತ ಹುಡುಗ ಹುಡುಗಿಯರು ಗಿಟಾರಿನಲ್ಲಿ ಮೂರು ಕಾರ್ಡ್ ಬಂದರೆ ಸಾಕು, ಹಾಡು ಕಟ್ಟಬಹುದು ಎಂದು ಹೊರಟರು. 1976ರಲ್ಲಿ ಬಂದ ರಮೋನ್ಸ್ ತಂಡದ ಮೊದಲ ಆಲ್ಬಂನಲ್ಲಿ 14 ಹಾಡುಗಳಿವೆ, ಎಲ್ಲ ಸೇರಿ ಅರ್ಧ ಗಂಟೆಯೂ ಇಲ್ಲ. ವಿದ್ವತ್ತಿನ ಪರೀಕ್ಷೆ ಮುಗಿಸಿ ವೇದಿಕೆ ಹತ್ತುವುದಲ್ಲ, ಹತ್ತಿದ ಮೇಲೆ ಕಲಿಯುವುದು. ನಮ್ಮ ವೃತ್ತಿಯ ಭಾಷೆಯಲ್ಲಿ ಹೇಳುವುದಾದರೆ, ಬೀಟಾ ಆವೃತ್ತಿಯನ್ನೇ ಧೈರ್ಯವಾಗಿ ಜನರ ಮುಂದಿಡುವುದು.

ಹೀಗೆ ಕಲಿಯಲು ಒಂದು ಜಾಗ ಬೇಕು. ನ್ಯೂಯಾರ್ಕಿನ ಬೌವರಿ ಎಂಬ ಬಡ ಬೀದಿಯಲ್ಲಿ 1973ರಲ್ಲಿ ಹಿಲಿ ಕ್ರಿಸ್ಟಲ್ ಎಂಬಾತ ಸಿಬಿಜಿಬಿ ಎಂಬ ಬಾರ್ ತೆರೆದ. ಕಂಟ್ರಿ, ಬ್ಲೂಗ್ರಾಸ್, ಬ್ಲೂಸ್ ಎಂಬ ಮೂರು ಹಳೆಯ ಸಂಗೀತ ಪ್ರಕಾರಗಳ ಮೊದಲಕ್ಷರಗಳಿಂದ ಆ ಹೆಸರಾಯಿತು. ಆದರೆ ಬಂದವರು ಬೇರೆಯೇ: ಟೆಲಿವಿಷನ್, ರಮೋನ್ಸ್, ಪ್ಯಾಟಿ ಸ್ಮಿತ್, ಬ್ಲಾಂಡಿ, ಟಾಕಿಂಗ್ ಹೆಡ್ಸ್. ಕ್ರಿಸ್ಟಲ್ ಇಟ್ಟ ಮುಖ್ಯ ಷರತ್ತು ಒಂದೇ, ಹಾಡುವವರು ತಮ್ಮ ಸ್ವಂತ ಹಾಡು ಹಾಡಬೇಕು. ಬೇರೆಯವರ ಜನಪ್ರಿಯ ಹಾಡು ಹಾಡಿ ಚಪ್ಪಾಳೆ ಗಿಟ್ಟಿಸುವ ಹಾಗಿಲ್ಲ. ತಮ್ಮ ಇಷ್ಟದ ಸಂಗೀತ ಬರಲಿಲ್ಲವೆಂದು ಆತ ಬಾಗಿಲು ಹಾಕಲಿಲ್ಲ ಎಂಬುದನ್ನೂ ಗಮನಿಸಬೇಕು. ಬಾಡಿಗೆಯ ತಕರಾರಿನಿಂದ ಆ ಜಾಗ 2006ರ ಅಕ್ಟೋಬರಿನಲ್ಲಿ ಮುಚ್ಚಿತು. ಆಮೇಲೆ ಅಲ್ಲಿ ದುಬಾರಿ ಬಟ್ಟೆಯಂಗಡಿ ಬಂತು.

ಇಂಗ್ಲೆಂಡಿನದು ಇನ್ನೂ ಸ್ವಾರಸ್ಯದ ಕತೆ. 1976ರ ಜೂನ್ 4ರಂದು ಮ್ಯಾಂಚೆಸ್ಟರಿನ ಲೆಸ್ಸರ್ ಫ್ರೀ ಟ್ರೇಡ್ ಹಾಲ್ ಎಂಬ ಚಿಕ್ಕ ಸಭಾಂಗಣದಲ್ಲಿ ಸೆಕ್ಸ್ ಪಿಸ್ಟಲ್ಸ್ ತಂಡದ ಕಾರ್ಯಕ್ರಮ. ಏರ್ಪಡಿಸಿದವರು ಹೋವರ್ಡ್ ಡೆವೊಟೊ ಮತ್ತು ಪೀಟ್ ಶೆಲ್ಲಿ ಎಂಬ ಇಬ್ಬರು ಹುಡುಗರು. ಬಂದವರು ಸುಮಾರು ನಲವತ್ತು ಜನ. ಕೇಳಿದವರಲ್ಲಿ ಬರ್ನಾರ್ಡ್ ಸಮ್ನರ್, ಪೀಟರ್ ಹುಕ್ ಎಂಬ ಗೆಳೆಯರಿಗೆ 'ಇಷ್ಟೇನಾ? ಇದನ್ನು ನಾವೂ ಮಾಡಬಹುದು' ಎನಿಸಿತು. ಮುಂದೆ ಅವರಿಂದ ಜಾಯ್ ಡಿವಿಷನ್ ತಂಡ ಹುಟ್ಟಿತು. ಏರ್ಪಡಿಸಿದ ಇಬ್ಬರೂ ಬಜ್‌ಕಾಕ್ಸ್ ಎಂಬ ತಂಡ ಕಟ್ಟಿದರು. ಈಗ ಆ ರಾತ್ರಿ ಅಲ್ಲಿದ್ದೆ ಎನ್ನುವವರನ್ನೆಲ್ಲ ಲೆಕ್ಕ ಹಾಕಿದರೆ ಸಭಾಂಗಣದ ಗೋಡೆ ಒಡೆಯಬೇಕಾಗುತ್ತದೆಯಂತೆ!

ಇನ್ನು ನಮ್ಮ ಸಿಂಗಪುರಕ್ಕೆ ಬರೋಣ. ಶಿಸ್ತಿನ ಈ ಊರಿಗೂ ಪಂಕ್‌ಗೂ ಎಲ್ಲಿಯ ಸಂಬಂಧ ಎನ್ನುತ್ತೀರಾ? 1970ರ ದಶಕದಲ್ಲಿ ಉದ್ದ ಕೂದಲಿನ ಗಂಡಸರಿಗೆ ಸರ್ಕಾರಿ ಕಚೇರಿಯಲ್ಲಿ ಕೊನೆಯ ಸರದಿ ಎಂದು ಭಿತ್ತಿಪತ್ರ ಅಂಟಿಸುತ್ತಿದ್ದ ಊರಿದು. 1972ರಲ್ಲಿ ಲೆಡ್ ಜೆಪ್ಪೆಲಿನ್ ತಂಡದ ಕಾರ್ಯಕ್ರಮ ಕೂದಲಿನ ಕಾರಣಕ್ಕೇ ನಡೆಯಲಿಲ್ಲ. ಆದರೂ 1985ರಲ್ಲಿ ಕೆಲವು ಉತ್ಸಾಹಿಗಳು ಬಿಗ್‌ಓ ಎಂಬ ಪತ್ರಿಕೆ ಶುರುಮಾಡಿದರು. ರೇಡಿಯೋದಲ್ಲಿ ಬಾರದ ಸ್ಥಳೀಯ ತಂಡಗಳ ಬಗ್ಗೆ ಬರೆದರು, ಅವರ ಹಾಡುಗಳ ಕ್ಯಾಸೆಟ್ ತಂದರು. ಅಪೊಸಿಷನ್ ಪಾರ್ಟಿ (ಇದು ರಾಜಕೀಯ ಪಕ್ಷವಲ್ಲ, ಪಂಕ್ ತಂಡ!), ಸ್ಟಾಂಪಿನ್ ಗ್ರೌಂಡ್, ದಿ ಆಡ್‌ಫೆಲೋಸ್ ಮುಂತಾದವು ಆ ಕಾಲದ ಹೆಸರುಗಳು.

ಅವರಿಗೊಂದು ಸೂರು ಸಿಕ್ಕಿದ್ದು ಒಬ್ಬ ನಾಟಕಕಾರನಿಂದ. ಕುವೊ ಪಾವೊ ಕುನ್ ಅವರ ಹೆಸರನ್ನು ರಂಗಭೂಮಿಯ ಆಸಕ್ತರು ಕೇಳಿರಬಹುದು. 1976ರಿಂದ ನಾಲ್ಕು ವರ್ಷಕ್ಕೂ ಹೆಚ್ಚು ಕಾಲ ಆಂತರಿಕ ಭದ್ರತಾ ಕಾಯಿದೆಯಡಿ ಬಂಧನದಲ್ಲಿದ್ದವರು. ಅದೇ ವ್ಯಕ್ತಿಗೆ ಮುಂದೆ ಸರ್ಕಾರ ಕಲ್ಚರಲ್ ಮೆಡಾಲಿಯನ್ ಪ್ರಶಸ್ತಿ ಕೊಟ್ಟಿತು. 1990ರಲ್ಲಿ ಅವರು ಆರ್ಮೇನಿಯನ್ ಸ್ಟ್ರೀಟಿನ ಹಳೆಯ ವಿದ್ಯುತ್ ಸಬ್‌ಸ್ಟೇಷನ್ ಕಟ್ಟಡದಲ್ಲಿ ಕಲಾಕೇಂದ್ರವೊಂದನ್ನು ತೆರೆದರು. ಹೆಸರು ಬದಲಿಸಲಿಲ್ಲ, ದಿ ಸಬ್‌ಸ್ಟೇಷನ್ ಎಂದೇ ಕರೆದರು. ಒಳಗೆ ಚಿಕ್ಕ ರಂಗಮಂದಿರ, ಪಕ್ಕದಲ್ಲೊಂದು ತೋಟ. ಹೊಸ ನಾಟಕ, ಚಿತ್ರ, ಕವಿತೆಯ ಜೊತೆಗೆ ಪಂಕ್ ಹುಡುಗರಿಗೂ ಅಲ್ಲಿ ಜಾಗ. ತೋಟದ ಆ ಕಾರ್ಯಕ್ರಮಗಳನ್ನು ಹಳಬರು ಇಂದಿಗೂ ನೆನೆಯುತ್ತಾರೆ.

ಎಲ್ಲವೂ ಸುಖವಾಗಿತ್ತೆಂದಲ್ಲ. 1990ರ ದಶಕದ ಆರಂಭದಲ್ಲಿ ಒಬ್ಬರಿಗೊಬ್ಬರು ಡಿಕ್ಕಿ ಹೊಡೆಯುತ್ತ ಕುಣಿಯುವ ಸ್ಲ್ಯಾಮ್ ಡ್ಯಾನ್ಸಿಂಗ್ ಬಗ್ಗೆ ಪತ್ರಿಕೆಗಳಲ್ಲಿ ಗುಲ್ಲಾಗಿ, ಅಧಿಕಾರಿಗಳು ಅದಕ್ಕೆ ಕಡಿವಾಣ ಹಾಕಿದರು. ಹದಿನೆಂಟು ದಾಟಿದ ಹುಡುಗರು ಎರಡು ವರ್ಷ ಸೇನಾ ಸೇವೆಗೆ ಹೋಗಬೇಕು, ತಂಡಗಳು ಚದುರುತ್ತವೆ. ಜಾಗದ ಬಾಡಿಗೆಯಂತೂ ಹೇಳುವುದೇ ಬೇಡ. 2005ರಲ್ಲಿ ಸಬ್‌ಸ್ಟೇಷನ್ ತೋಟ ಬಾಡಿಗೆಗೆ ಹೋಗಿ ಅಲ್ಲಿ ರೆಸ್ಟೋರೆಂಟ್ ಬಂತು. 2021ರಲ್ಲಿ ಇಡೀ ಕಟ್ಟಡವನ್ನೇ ದುರಸ್ತಿಗೆಂದು ಬಿಟ್ಟುಕೊಡಬೇಕಾಯಿತು. ಸಂಸ್ಥೆ ಉಳಿಯಿತು, ಮೂವತ್ತು ವರ್ಷದ ಮನೆ ಹೋಯಿತು.

ಆದರೆ ಫಲ ಬಾರದೆ ಇರಲಿಲ್ಲ. 2007ರಲ್ಲಿ ಸೇನಾ ಸೇವೆ ಮುಗಿಸಿ ಬಂದ ಹುಡುಗರು ಕಟ್ಟಿದ ವರ್ಮ್‌ರಾಟ್ ಎಂಬ ತಂಡವನ್ನೇ ನೋಡಿ. ಪಂಕ್ ಮತ್ತು ಮೆಟಲ್ ಸೇರಿ ಹುಟ್ಟಿದ, ಇನ್ನೂ ವೇಗದ ಗ್ರೈಂಡ್‌ಕೋರ್ ಎಂಬ ಪ್ರಕಾರ ಅವರದು. ಚಿಕ್ಕ ಕೋಣೆಗಳಲ್ಲಿ ಬೆಳೆದ ಅವರು 2017ರಲ್ಲಿ ಇಂಗ್ಲೆಂಡಿನ ಪ್ರಸಿದ್ಧ ಗ್ಲಾಸ್ಟನ್‌ಬರಿ ಉತ್ಸವದಲ್ಲಿ ಹಾಡಿದರು. ಸಿಂಗಪುರದ ತಂಡವೊಂದು ಅಲ್ಲಿ ಹಾಡಿದ್ದು ಅದೇ ಮೊದಲು.

ಹಾಗಾದರೆ ಕಾಕಿ ಬುಕಿತ್‌ನಂಥ ಕಡೆ ಹುಡುಗರು ಯಾಕೆ ಸೇರುತ್ತಾರೆ? ಲೆಕ್ಕ ಸರಳ. ಈ ಊರಿನ ಹೆಚ್ಚಿನ ಜನ ಎಚ್‌ಡಿಬಿ ಫ್ಲ್ಯಾಟಿನಲ್ಲಿರುವವರು, ಮನೆಯಲ್ಲಿ ಡ್ರಮ್ ಬಾರಿಸಿದರೆ ಮೇಲಿನವರು, ಕೆಳಗಿನವರು, ಎದುರಿನವರು ಮೂವರೂ ಬಾಗಿಲು ತಟ್ಟುತ್ತಾರೆ. ಕಾರ್ಖಾನೆ ಕಟ್ಟಡದ ಗೋಡೆ ದಪ್ಪ, ರಾತ್ರಿ ಅಕ್ಕಪಕ್ಕ ಯಾರೂ ಇರುವುದಿಲ್ಲ, ಬಾಡಿಗೆಯೂ ಪೇಟೆಗಿಂತ ಕಡಿಮೆ. ಆದರೆ ಇಂಥ ಕಟ್ಟಡಗಳ ಜಾಗದಲ್ಲಿ ಶೇಕಡಾ 60ರಷ್ಟಾದರೂ ಕೈಗಾರಿಕೆಗೇ ಬಳಕೆಯಾಗಬೇಕೆಂಬ ನಿಯಮವಿದೆ, ಸಾರ್ವಜನಿಕ ಕಾರ್ಯಕ್ರಮಕ್ಕೆ ಪರವಾನಗಿಯೂ ಬೇಕು. ಹಾಗಾಗಿ ಈ ಕೋಣೆಗಳು ಇಂದು ಇದ್ದು ನಾಳೆ ಇಲ್ಲವಾಗುತ್ತವೆ. ಹುಡುಗರು ಇನ್ನೊಂದು ಗುಡ್ಡದ ಬುಡ ಹುಡುಕುತ್ತಾರೆ.

ಸಾಹಿತ್ಯದ ಪತ್ರದಲ್ಲಿ ಈ ಗದ್ದಲವೆಲ್ಲ ಯಾಕೆ ಎಂದು ನೀವು ಕೇಳುವ ಮೊದಲೇ ಧಾರವಾಡಕ್ಕೆ ಹೋಗಿಬರೋಣ. ಸುಭಾಸ ರಸ್ತೆಯಲ್ಲಿ ಮನೋಹರ ಗ್ರಂಥಮಾಲೆಯ ಅಟ್ಟ. ಜಡಭರತ ಎಂಬ ಹೆಸರಿನಲ್ಲಿ ನಾಟಕ ಬರೆದ ಜಿ.ಬಿ. ಜೋಶಿಯವರು 1933ರಲ್ಲಿ ಶುರುಮಾಡಿದ ಪ್ರಕಾಶನ ಅದು. ಅಲ್ಲಿಗೆ ಬೇಂದ್ರೆ ಬರುತ್ತಿದ್ದರು, ಕೀರ್ತಿನಾಥ ಕುರ್ತಕೋಟಿ ಕೂರುತ್ತಿದ್ದರು. ಇನ್ನೂ ಹೆಸರಿಲ್ಲದ ತರುಣ ಗಿರೀಶ ಕಾರ್ನಾಡರ 'ಯಯಾತಿ'ಯನ್ನು 1961ರಲ್ಲಿ ಪ್ರಕಟಿಸಿದ್ದು ಅದೇ ಗ್ರಂಥಮಾಲೆ. ಅಟ್ಟವೆಂದರೆ ಅಟ್ಟವೇ, ಅರಮನೆಯಲ್ಲ. ಹೆಗ್ಗೋಡಿನ ನೀನಾಸಂ ಕೂಡ 1949ರಲ್ಲಿ ಹಳ್ಳಿಯ ಕೆಲವರು ಸೇರಿ ಕಟ್ಟಿಕೊಂಡ ಬಳಗವೇ. ಕೆ.ವಿ. ಸುಬ್ಬಣ್ಣನವರಿಗೆ ಮ್ಯಾಗ್ಸೆಸೆ ಪ್ರಶಸ್ತಿ ಬಂದದ್ದು 1991ರಲ್ಲಿ, ನಲವತ್ತೆರಡು ವರ್ಷದ ನಂತರ.

ಬೌವರಿಯ ಬಾರಿಗೂ ಧಾರವಾಡದ ಅಟ್ಟಕ್ಕೂ ಏನು ಸಾಮ್ಯ? ನಮಗೆ ಮೂರು ಕಂಡವು. ಒಂದು, ಖರ್ಚು ಕಡಿಮೆಯಾದ್ದರಿಂದ ಸೋಲಲು ಹೆದರಬೇಕಿಲ್ಲ. ಐನೂರು ಕುರ್ಚಿಯ ಸಭಾಂಗಣ ತುಂಬಲು ಈಗಾಗಲೇ ಗೆದ್ದವರನ್ನೇ ಕರೆಯಬೇಕು, ಹದಿನೈದು ಜನರ ಕೋಣೆಯಲ್ಲಿ ಹೊಸಬನೂ ಒದರಬಹುದು. ಎರಡು, ಅದೇ ಜನ ಮತ್ತೆ ಮತ್ತೆ ಸೇರುತ್ತಾರೆ, ಹಾಗಾಗಿ ಹೋದ ಸಲಕ್ಕಿಂತ ಈ ಸಲ ಚೆನ್ನಾಗಿತ್ತೋ ಇಲ್ಲವೋ ಎಂದು ಮುಖದ ಮೇಲೇ ಹೇಳುವವರಿರುತ್ತಾರೆ. ಮೂರು, ಬೀಗದ ಕೈ ಇಟ್ಟುಕೊಂಡು 'ಬಾರಪ್ಪ' ಎನ್ನುವ ಒಬ್ಬ ಕ್ರಿಸ್ಟಲ್, ಒಬ್ಬ ಕುವೊ, ಒಬ್ಬ ಜೋಶಿ ಇರುತ್ತಾನೆ.

ಚಿಕ್ಕ ಕೋಣೆಗೆ ತನ್ನದೇ ರೋಗವೂ ಉಂಟು. ನಾಲ್ಕು ಜನ ತಮ್ಮತಮ್ಮಲ್ಲೇ ಬೆನ್ನು ತಟ್ಟಿಕೊಳ್ಳುವ ಗುಂಪಾಗಿಬಿಡುವುದು. ಹುಡುಗನ ಪ್ರಶ್ನೆ ಚುಚ್ಚಿದ್ದು ಅಲ್ಲಿಯೇ.

ನಿಮಗೆ ಗೊತ್ತಿರುವಂತೆ ನಮ್ಮ ಬಳಗದ ಮುಂದೆ ಈಗ ಒಂದು ಸಲಹೆಯಿದೆ. ತಿಂಗಳ ಸಭೆಗೆ ಬರುವವರು ಹದಿನೈದಕ್ಕೆ ಇಳಿದಿದ್ದಾರೆ, ಕೋಣೆಯ ಬಾಡಿಗೆ ಏರಿದೆ. ಆದ್ದರಿಂದ ಅದನ್ನು ನಿಲ್ಲಿಸಿ, ಆ ಹಣ ಕೂಡಿಸಿ, ವರ್ಷಕ್ಕೊಮ್ಮೆ ದೊಡ್ಡ ಸಭಾಂಗಣದಲ್ಲಿ ಊರಿನಿಂದ ಹೆಸರಾಂತ ಅತಿಥಿಯನ್ನು ಕರೆಸಿ ಅದ್ದೂರಿಯಾಗಿ ಮಾಡೋಣ ಎಂದು. ಸಲಹೆ ಕೊಟ್ಟವರ ಕಾಳಜಿಯ ಬಗ್ಗೆ ನಮಗೆ ಅನುಮಾನವಿಲ್ಲ. ದೊಡ್ಡ ಕಾರ್ಯಕ್ರಮವೂ ಬೇಕು, ನಾವೂ ಮುಂದಿನ ಸಾಲಿನಲ್ಲಿ ಕೂತು ಚಪ್ಪಾಳೆ ತಟ್ಟುವವರೇ. ಆದರೆ ಹದಿನೈದು ಜನರ ಕೋಣೆ ಮುಚ್ಚಿದರೆ ನಾವು ಕೇಳುಗರಾಗಿ ಮಾತ್ರ ಉಳಿಯುತ್ತೇವೆ. ಇಲ್ಲಿ ಹುಟ್ಟಿದ ಮಕ್ಕಳು ತಪ್ಪುತಪ್ಪಾಗಿಯಾದರೂ ಕನ್ನಡದಲ್ಲಿ ನಾಲ್ಕು ಸಾಲು ಬರೆದರೆ ಅದನ್ನು ಓದಲು ಬೇರೆ ಜಾಗವಿಲ್ಲ. ಆ ನಾಲ್ಕು ಸಾಲು ವಿಮಾನದಲ್ಲಿ ಬರುವ ಅತಿಥಿಯ ಭಾಷಣದಿಂದ ಹುಟ್ಟುವುದಿಲ್ಲ.

ನಮ್ಮ ಮನವಿ ಇಷ್ಟು. ಇನ್ನಾರು ತಿಂಗಳು ಕೋಣೆ ಇರಲಿ, ಬಾಡಿಗೆಯನ್ನು ಬಂದವರು ಹಂಚಿಕೊಳ್ಳೋಣ. ಆದರೆ ಕ್ರಿಸ್ಟಲ್‌ನ ಷರತ್ತು ಇರಲಿ: ಬಂದವರು ಸ್ವಂತದ್ದನ್ನು ಓದಬೇಕು, ಅರ್ಧ ಪುಟವಾದರೂ ಸರಿ. ಸದಾ ಮಾತಾಡುವ ಆ ಮೂವರು (ಅದರಲ್ಲಿ ಇದನ್ನು ಬರೆಯುತ್ತಿರುವವರೂ ಸೇರಿದ್ದೇವೆ) ನೆಲದ ಮೇಲೆ ಕೂತು ಕೇಳಲಿ. ಆರು ತಿಂಗಳಲ್ಲಿ ಹೊಸಬರು ಯಾರೂ ಬಾಯಿ ಬಿಡದಿದ್ದರೆ ಬೀಗ ಹಾಕಲು ನಾವೇ ಮೊದಲು ಕೈ ಎತ್ತುತ್ತೇವೆ.

ಅಂದ ಹಾಗೆ, ಸಿಂಗಪುರದ ಆಡುಮಾತಿನಲ್ಲಿ ಕಾಕಿ ಎಂದರೆ ಕಾಲಷ್ಟೇ ಅಲ್ಲ, ಜೊತೆಗಾರ ಎಂದೂ ಅರ್ಥ. ಊಟಕ್ಕೆ ಜೊತೆಯಾಗುವವರು ಮಕಾನ್ ಕಾಕಿ. ಓದಿಗೆ ಜೊತೆಯಾಗುವ ಕಾಕಿಗಳು ನಮ್ಮಲ್ಲಿ ಎಷ್ಟು ಮಂದಿ ಇದ್ದೀರಿ? ಮುಂದಿನ ಸಭೆಯಲ್ಲಿ ಲೆಕ್ಕ ಹಾಕೋಣ. ಏನಂತೀರಿ?